ಭಯ, ಕನಸು, ಮಂಕು, ಜಳ್ಳು: ಇಂಗ್ಲಿಷ್–ಕನ್ನಡ ಪದಸಮೀಕರಣ ಮತ್ತು ಕೋಲಾರ ಸೀಮೆಯ ಆಡುನುಡಿ

1. ಪ್ರವೇಶ

ಒಂದು ಭಾಷೆಯ ಪದಕ್ಕೆ ಇನ್ನೊಂದು ಭಾಷೆಯಲ್ಲಿ ಸಮಾನಪದ ಕೊಡುವ ಕೆಲಸ ಕಲ್ಲು, ಮರ, ನೀರು ಮೊದಲಾದ ವಸ್ತುವಾಚಕಗಳಲ್ಲಿ ಹೆಚ್ಚು ತೊಡಕಿನದಲ್ಲ. ಮನಸ್ಸಿನ ಸ್ಥಿತಿಗಳನ್ನು ಮತ್ತು ವಸ್ತುಗಳ ಬೆಲೆಯನ್ನು ಸೂಚಿಸುವ ಪದಗಳಿಗೆ ಬಂದಾಗ ಈ ಕೆಲಸ ಜಟಿಲವಾಗುತ್ತದೆ. ಇಂಗ್ಲಿಷಿನ ಫಿಯರ್, ಡ್ರೆಡ್, ಟೆರರ್, ಡ್ರೀಮ್, ನೈಟ್‌ಮೇರ್, ಗ್ಲೂಮ್, ಚಾಫ್, ಟ್ರ್ಯಾಶ್, ಡ್ರಾಸ್ ಎಂಬ ಪದಗಳನ್ನು ಭಯ, ಕನಸು, ಮಂಕು ಮತ್ತು ನಿಷ್ಪ್ರಯೋಜಕ ವಸ್ತು ಎಂಬ ನಾಲ್ಕು ಗುಂಪುಗಳಾಗಿ ವಿಂಗಡಿಸಬಹುದು. ಶಾಲೆ, ಕಚೇರಿ, ಆಸ್ಪತ್ರೆಗಳ ಕನ್ನಡದಲ್ಲಿ ಇವುಗಳಿಗೆ ಭೀತಿ, ದುಃಸ್ವಪ್ನ, ಖಿನ್ನತೆ, ನಿರುಪಯುಕ್ತ ಎಂಬ ಸಂಸ್ಕೃತ ರೂಪಗಳು ನೆಲೆಗೊಂಡಿವೆ. ಇವು ತಪ್ಪು ಪದಗಳಲ್ಲ. ಆದರೆ ಜನರ ಆಡುನುಡಿಯಲ್ಲಿ ಇದೇ ಅನುಭವಗಳು ಬೇರೆ ಪದಗಳಲ್ಲಿ, ಬೇರೆ ವಾಕ್ಯರಚನೆಯಲ್ಲಿ, ಬೇರೆ ಲೋಕದೃಷ್ಟಿಯೊಡನೆ ಬದುಕಿವೆ.

ಈ ವ್ಯತ್ಯಾಸವನ್ನು ಪರಿಶೀಲಿಸಲು ಕೋಲಾರ, ಮಾಲೂರು, ಮುಳಬಾಗಿಲು ಮತ್ತು ಶ್ರೀನಿವಾಸಪುರ ತಾಲ್ಲೂಕುಗಳು ಸೂಕ್ತ ಕ್ಷೇತ್ರ. 2007ರಲ್ಲಿ ಚಿಕ್ಕಬಳ್ಳಾಪುರ ಪ್ರತ್ಯೇಕ ಜಿಲ್ಲೆಯಾದ ನಂತರ ಉಳಿದ ಕೋಲಾರ ಜಿಲ್ಲೆಯ ಬಹುಭಾಗ ಇದರಲ್ಲಿ ಅಡಕವಾಗಿದೆ. ಮುಳಬಾಗಿಲು ಪಲಮನೇರು, ಪುಂಗನೂರುಗಳ ಕಡೆಗೆ, ಶ್ರೀನಿವಾಸಪುರ ಮದನಪಲ್ಲಿಯ ಕಡೆಗೆ, ಮಾಲೂರು ಹೊಸೂರಿನ ಕಡೆಗೆ ಮುಖ ಮಾಡಿವೆ. ಒಂದೇ ಮನೆಯಲ್ಲಿ ತೆಲುಗು ಮಾತನಾಡಿ, ಸಂತೆಯಲ್ಲಿ ಕನ್ನಡ ಮಾತನಾಡಿ, ಬಂಧುಗಳೊಡನೆ ಎರಡನ್ನೂ ಬೆರೆಸುವುದು ಇಲ್ಲಿ ವಿಶೇಷವಲ್ಲ. ಮಾಲೂರಿನ ದಕ್ಷಿಣದಲ್ಲಿ ತಮಿಳೂ ಸೇರಿಕೊಳ್ಳುತ್ತದೆ. ಮುಂದೆ ಚರ್ಚಿಸುವ ಪದಗಳಲ್ಲಿ ಹೆಚ್ಚಿನವು ದಕ್ಷಿಣ ಕರ್ನಾಟಕದ ಉಳಿದೆಡೆಯೂ ಇವೆ. ಅವು ಮತ್ತೊಂದು ದ್ರಾವಿಡ ಭಾಷೆಯ ಸೋದರಪದಗಳ ಜೊತೆಯಲ್ಲಿ ಒಂದೇ ನಾಲಿಗೆಯ ಮೇಲೆ ಬಾಳುತ್ತಿರುವುದು ಈ ಸೀಮೆಯ ವೈಶಿಷ್ಟ್ಯ.

ಈ ನಾಲ್ಕು ಗುಂಪುಗಳ ಅರ್ಥ ಇಲ್ಲಿ ನಾಮಪದದಲ್ಲಿರುವುದಕ್ಕಿಂತ ಹೆಚ್ಚಾಗಿ ಅದರೊಡನೆ ಬರುವ ಕ್ರಿಯಾಪದದಲ್ಲಿದೆ ಎಂಬುದು ಪ್ರಸ್ತುತ ಲೇಖನದ ಪ್ರತಿಪಾದನೆ. ದಿಗಿಲು ಬೀಳುತ್ತದೆ, ಕನಸು ಬೀಳುತ್ತದೆ, ಮಂಕು ಕವಿಯುತ್ತದೆ, ಮನೆ ಪಾಳು ಬೀಳುತ್ತದೆ. ನಾಮಪದಕ್ಕೆ ನಾಮಪದವನ್ನು ಹೊಂದಿಸುವ ದ್ವಿಭಾಷಾ ನಿಘಂಟು ಕ್ರಮದಲ್ಲಿ ಈ ಅಂಶ ಕಣ್ಮರೆಯಾಗುತ್ತದೆ. ಇದರ ಪರಿಣಾಮ ನಿಘಂಟಿನ ಪುಟಗಳಿಗೆ ಸೀಮಿತವಾಗದೆ ಆಸ್ಪತ್ರೆಯ ಪ್ರಶ್ನಾವಳಿಯವರೆಗೂ ಕಂದಾಯದ ದಾಖಲೆಯವರೆಗೂ ವ್ಯಾಪಿಸುತ್ತದೆ.

2. ನಿಘಂಟು ಪರಂಪರೆಯ ಎರಡು ದಿಕ್ಕುಗಳು

ಕನ್ನಡ ಮತ್ತು ಇಂಗ್ಲಿಷ್ ನಡುವಿನ ನಿಘಂಟು ರಚನೆಗೆ ಎರಡು ಶತಮಾನಗಳ ಇತಿಹಾಸವಿದೆ. ಬಳ್ಳಾರಿಯಲ್ಲಿ ಲಂಡನ್ ಮಿಷನ್ನಿನ ಪಾದ್ರಿಯಾಗಿದ್ದ ವಿಲಿಯಂ ರೀವ್ ಅವರ ಇಂಗ್ಲಿಷ್–ಕನ್ನಡ ನಿಘಂಟು 1824ರಲ್ಲಿ, ಕನ್ನಡ–ಇಂಗ್ಲಿಷ್ ನಿಘಂಟು 1832ರಲ್ಲಿ ಹೊರಬಂದವು. ಎರಡನೆಯದನ್ನು ಡೇನಿಯಲ್ ಸ್ಯಾಂಡರ್ಸನ್ ಪರಿಷ್ಕರಿಸಿ 1858ರಲ್ಲಿ ಬೆಂಗಳೂರಿನಲ್ಲಿ ಪ್ರಕಟಿಸಿದರು. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಫರ್ಡಿನೆಂಡ್ ಕಿಟ್ಟೆಲ್ ಅವರ ನಿಘಂಟು ಈ ಪರಂಪರೆಯ ಶಿಖರ. ಮೈಸೂರು ವಿಶ್ವವಿದ್ಯಾಲಯದ ಇಂಗ್ಲಿಷ್–ಕನ್ನಡ ನಿಘಂಟು 1946ರಲ್ಲಿ ಬಂದಿತು. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ಕನ್ನಡ ನಿಘಂಟು 1995ರಲ್ಲಿ ಪೂರ್ಣಗೊಂಡಿತು.

ಈ ಪರಂಪರೆಯನ್ನು ವಿಮರ್ಶಿಸುವಾಗ ಎರಡು ದಿಕ್ಕುಗಳನ್ನು ಬೇರ್ಪಡಿಸಿ ನೋಡಬೇಕು. ಕನ್ನಡದಿಂದ ಇಂಗ್ಲಿಷಿಗೆ ಹೋಗುವ ನಿಘಂಟುಕಾರನಿಗೆ ಆಡುನುಡಿಯ ಪದ ಶೀರ್ಷಿಕೆಯಾಗಿ ಎದುರಿಗೆ ನಿಲ್ಲುತ್ತದೆ. ಅದನ್ನು ಬಿಟ್ಟರೆ ಕೆಲಸವೇ ಅಪೂರ್ಣ. ಕಿಟ್ಟೆಲ್ ಗಾದೆಗಳನ್ನೂ ತೆಲುಗು, ತಮಿಳು ಸೋದರಪದಗಳನ್ನೂ ಸೇರಿಸಿಕೊಂಡದ್ದು ಈ ಕಾರಣದಿಂದ ಸಾಧ್ಯವಾಯಿತು. ಇಂಗ್ಲಿಷಿನಿಂದ ಕನ್ನಡಕ್ಕೆ ಬರುವ ನಿಘಂಟುಕಾರನ ಮುಂದೆ ಇರುವುದು ಇಂಗ್ಲಿಷ್ ಶೀರ್ಷಿಕೆ. ಅದಕ್ಕೆ ಹೊಂದುವ ಕನ್ನಡ ಪದಗಳನ್ನು ಆತ ಆರಿಸಬೇಕು. ಆರಿಸುವಾಗ ಎಲ್ಲ ಪ್ರದೇಶಗಳಿಗೂ ಅರ್ಥವಾಗುವ, ಬರಹಕ್ಕೆ ಒಗ್ಗುವ, ಗೌರವದ ಪದಗಳು ಮುಂದೆ ಬರುತ್ತವೆ. ಪರ್ಯಾಯಗಳನ್ನು ಕೊಟ್ಟಾಗಲೂ ಅವು ಅರ್ಧವಿರಾಮಗಳ ನಡುವೆ ಒಂದೇ ತೂಕದ ಪದಗಳಂತೆ ಸಾಲುಗಟ್ಟುತ್ತವೆ. ಯಾವ ನಾಮಪದ ಯಾವ ಕ್ರಿಯಾಪದವನ್ನು ಬೇಡುತ್ತದೆ, ಯಾರು ಯಾವ ಸಂದರ್ಭದಲ್ಲಿ ಅದನ್ನು ಆಡುತ್ತಾರೆ ಎಂಬುದಕ್ಕೆ ಈ ವ್ಯವಸ್ಥೆಯಲ್ಲಿ ಸ್ಥಳ ಕಡಿಮೆ.

ಪ್ರದೇಶದ ಪ್ರಶ್ನೆಯೂ ಇದೆ. ಕಿಟ್ಟೆಲ್ ಅವರ ಕಾರ್ಯಕ್ಷೇತ್ರ ಧಾರವಾಡ, ಮಂಗಳೂರು ಮತ್ತು ಮಡಿಕೇರಿ. ರೀವ್ ಗಡಿಯ ಬಳ್ಳಾರಿಯಲ್ಲಿದ್ದವರು. ಆದರೆ ಅದು ಕೋಲಾರಕ್ಕಿಂತ ಭಿನ್ನವಾದ ಗಡಿ. ಪೂರ್ವದ ತಾಲ್ಲೂಕುಗಳ ನುಡಿ ಬಹುಕಾಲ ‘ತೆಲುಗು ಬೆರೆತ ಕನ್ನಡ’ ಎಂಬ ಒಂದು ಮಾತಿನಲ್ಲಿ ಮುಗಿದುಹೋಗಿದೆ. ಬೆರಕೆ ಎಂದು ತಳ್ಳಿದ ಸ್ಥಳದಲ್ಲಿಯೇ ಅರ್ಥದ ಹೆಚ್ಚಿನ ಸೂಕ್ಷ್ಮತೆ ಇರುವುದು ಗಮನಾರ್ಹ.

3. ದಿಗಿಲು: ಮೂರು ಭಾಷೆಗಳ ನಡುವಿನ ಒಂದು ಪದ

ಭಯದ ಗುಂಪಿನಲ್ಲಿ ಹೆದರಿಕೆ, ಅಂಜಿಕೆ, ಅಳುಕು, ಗಾಬರಿ, ನಡುಕ, ದಿಗಿಲು, ಪುಕ್ಕಲು ಎಂಬ ಪದಗಳು ಸಾಮಾನ್ಯ. ಇವು ಒಂದೇ ಭಯದ ಹಲವು ಹೆಸರುಗಳಲ್ಲ. ಅಂಜಿಕೆಯಲ್ಲಿ ಗೌರವವೂ ಸಂಕೋಚವೂ ಸೇರಬಹುದು. ದೇವರಿಗೆ, ಹಿರಿಯರಿಗೆ ಅಂಜುವುದು ಒಳ್ಳೆಯ ಗುಣ. ಅಳುಕು ಮಾಡುವ ಮುನ್ನಿನ ಹಿಂಜರಿಕೆ. ಗಾಬರಿ ಮಾಡಬೇಕಾದುದನ್ನು ಮರೆಸುವ ತಬ್ಬಿಬ್ಬು. ಪುಕ್ಕಲು ಸ್ವಭಾವಕ್ಕೆ ಅಂಟಿದ್ದು. ‘ಪುಕ್ಕಲ’ ಎಂಬುದು ವ್ಯಕ್ತಿಗೆ ಇಟ್ಟ ಹೆಸರು. ಬೆಚ್ಚುವುದು ಮೈಯ ಕ್ರಿಯೆ, ಅದು ಮನಸ್ಸಿಗಿಂತ ಮುಂಚೆ ನಡೆಯುತ್ತದೆ.

ಇವುಗಳ ನಡುವೆ ‘ದಿಗಿಲು’ ವಿಶೇಷ ಪರಿಶೀಲನೆಗೆ ಅರ್ಹ. ಕನ್ನಡದಲ್ಲಿ ಇದು ಹಠಾತ್ತಾದ ಭಯ. ತಮಿಳಿನ ‘ತಿಗಿಲ್’ ಇನ್ನೂ ತೀಕ್ಷ್ಣ. ಇಂದಿನ ತಮಿಳಿನಲ್ಲಿ ಭಯಾನಕ ಚಲನಚಿತ್ರಕ್ಕೂ ಕಥೆಗೂ ಅದೇ ವಿಶೇಷಣ. ತೆಲುಗಿನ ‘ದಿಗುಲು’ ಬೇರೆ ಹಾದಿ ಹಿಡಿದಿದೆ. ಭಯದ ಹಳೆಯ ಅರ್ಥ ಅಲ್ಲಿ ಪೂರ್ತಿ ಅಳಿಯದಿದ್ದರೂ ಇಂದಿನ ಬಳಕೆಯಲ್ಲಿ ಅದು ಮುಖ್ಯವಾಗಿ ಚಿಂತೆ, ವ್ಯಥೆ, ಮನಸ್ಸು ಕುಗ್ಗುವಿಕೆ. ತವರು ಬಿಟ್ಟು ಹೋದ ಹೆಣ್ಣುಮಗಳಿಗೆ ಇರುವುದು ದಿಗುಲು. ಮಗ ಊರಿನಿಂದ ಬಾರದ ತಾಯಿಗೆ ಇರುವುದೂ ದಿಗುಲು. ಹೀಗೆ ತಮಿಳಿನಿಂದ ಕನ್ನಡದ ಮೂಲಕ ತೆಲುಗಿಗೆ ಹೋದಂತೆ ಒಂದೇ ಪದ ಭಯದಿಂದ ದುಃಖದ ಕಡೆಗೆ ಜರುಗುತ್ತದೆ.

ಇಂಗ್ಲಿಷ್ ಪದಪಟ್ಟಿಯಲ್ಲಿ ಫಿಯರ್ ಒಂದು ಗುಂಪು, ಗ್ಲೂಮ್ ಇನ್ನೊಂದು ಗುಂಪು. ಮುಳಬಾಗಿಲಿನ ಅಥವಾ ಶ್ರೀನಿವಾಸಪುರದ ದ್ವಿಭಾಷಿಗೆ ಈ ಗಡಿ ಅಷ್ಟು ಸ್ಪಷ್ಟವಲ್ಲ. ಆಕೆ ಕನ್ನಡ ವಾಕ್ಯದಲ್ಲಿ ‘ದಿಗಿಲು’ ಎಂದಾಗ ಕನ್ನಡದ ಹಠಾತ್ ಭಯವನ್ನು ಹೇಳುತ್ತಿರಬಹುದು, ತೆಲುಗಿನ ನಿಡುಗಾಲದ ವ್ಯಥೆಯನ್ನು ಹೇಳುತ್ತಿರಬಹುದು, ಎರಡೂ ಒಂದಾದ ಸ್ಥಿತಿಯನ್ನೂ ಹೇಳುತ್ತಿರಬಹುದು. ಕೇಳುವವನು ಕನ್ನಡ ನಿಘಂಟನ್ನು ಮಾತ್ರ ಬಲ್ಲವನಾದರೆ ಮೊದಲನೆಯ ಅರ್ಥಕ್ಕೆ ನಿಲ್ಲುತ್ತಾನೆ.

ಕ್ರಿಯಾಪದದ ಕಡೆಯಿಂದ ನೋಡಿದರೆ ಇನ್ನೊಂದು ಅಂಶ ತಿಳಿಯುತ್ತದೆ. ಕನ್ನಡದಲ್ಲಿ ‘ಭಯಪಡು’, ‘ದಿಗಿಲುಪಡು’ ಎಂಬಲ್ಲಿಯ ‘ಪಡು’ ಅನುಭವಿಸು ಎಂಬ ಅರ್ಥದ್ದು. ‘ಬೀಳು’ ಬೇರೆಯ ಕ್ರಿಯಾಪದ. ತೆಲುಗಿನಲ್ಲಿ ‘ಪಡು’ ಎಂಬುದೇ ಬೀಳು ಎಂಬುದಕ್ಕೆ ನಿತ್ಯಬಳಕೆಯ ಪದ. ಆದ್ದರಿಂದ ‘ಭಯಪಡು’ ಎಂಬ ಒಂದೇ ರೂಪದಲ್ಲಿ ಏಕಭಾಷಿಕ ಕನ್ನಡಿಗ ‘ಅನುಭವ’ವನ್ನು ಕಂಡರೆ, ದ್ವಿಭಾಷಿಯ ಕಿವಿಗೆ ಅದರಲ್ಲಿ ‘ಬೀಳುವಿಕೆ’ಯೂ ಕೇಳುತ್ತದೆ. ‘ಬೆಚ್ಚಿಬಿದ್ದ’, ‘ದಿಗಿಲು ಬಿದ್ದ’ ಎಂಬ ಕನ್ನಡ ಪ್ರಯೋಗಗಳು ಇದಕ್ಕೆ ಒತ್ತಾಸೆಯಾಗಿವೆ.

ಭಯ ಹೊರಗಿನಿಂದ ಬಂದು ತಾಗುತ್ತದೆ ಎಂಬ ತಿಳಿವಳಿಕೆ ಆಚರಣೆಗಳಲ್ಲಿ ಸ್ಪಷ್ಟವಾಗಿದೆ. ‘ಗಾಳಿ ಸೋಕಿದೆ’ ಎಂಬ ಕನ್ನಡದ ಮಾತಿಗೆ ತೆಲುಗಿನ ‘ಗಾಲಿ ಸೋಕಿಂದಿ’ ಪದಶಃ ಜೋಡಿ. ‘ದೆವ್ವ ಹಿಡಿಯಿತು’ ಎಂಬುದಕ್ಕೆ ‘ದಯ್ಯಂ ಪಟ್ಟಿಂದಿ’ ಜೋಡಿ. ಸೋಕಿದ್ದನ್ನು ತೆಗೆಯಬಹುದು, ಹಿಡಿದದ್ದನ್ನು ಬಿಡಿಸಬಹುದು. ದೃಷ್ಟಿ ತೆಗೆಯುವುದು, ನಿವಾಳಿಸುವುದು, ತಾಯಿತ ಕಟ್ಟಿಸುವುದು ಈ ವ್ಯಾಕರಣದ ಆಚರಣಾ ರೂಪಗಳು. ಕೋಲಾರದ ಕೋಲಾರಮ್ಮನ ಗುಡಿಯಲ್ಲಿ ಚೇಳಮ್ಮನ ಸನ್ನಿಧಿಯಿದೆ. ಅವಳಿಗೆ ನಡೆದುಕೊಂಡರೆ ಚೇಳಿನ ಕಾಟವಿಲ್ಲವೆಂಬ ನಂಬಿಕೆ ಹಳೆಯದು. ಇಲ್ಲಿ ಭಯದ ಕಾರಣವೇ ದೇವತೆಯಾಗಿ, ಅವಳಿಗೆ ಅಂಜುವುದರಿಂದ ಚೇಳಿಗೆ ಹೆದರುವುದು ತಪ್ಪುತ್ತದೆ. ಅಂಜಿಕೆ ಮತ್ತು ಹೆದರಿಕೆ ಎಂಬ ಎರಡು ಪದಗಳ ವ್ಯತ್ಯಾಸವನ್ನು ಇದಕ್ಕಿಂತ ಚೆನ್ನಾಗಿ ತೋರುವ ಉದಾಹರಣೆ ದುರ್ಲಭ.

ಇಂಗ್ಲಿಷಿನ ಇತಿಹಾಸವೂ ಇದಕ್ಕೆ ಪೂರ್ತಿ ಹೊರತಲ್ಲ. ಫಿಯರ್ ಪದದ ಪ್ರಾಚೀನ ಇಂಗ್ಲಿಷ್ ರೂಪದ ಅರ್ಥ ಹಠಾತ್ ವಿಪತ್ತು, ಅಪಾಯ. ಹೊರಗಿನ ಘಟನೆಯ ಹೆಸರು ಮುಂದೆ ಒಳಗಿನ ಭಾವದ ಹೆಸರಾಯಿತು. ಎರಡು ನುಡಿಗಳನ್ನು ಪರಸ್ಪರ ವಿರುದ್ಧ ಲೋಕಗಳೆಂದು ಭಾವಿಸುವುದಕ್ಕಿಂತ, ಇಂಗ್ಲಿಷ್ ಬಿಟ್ಟುಬಂದ ಹಂತವನ್ನು ಇಲ್ಲಿಯ ಆಡುನುಡಿ ವ್ಯಾಕರಣದಲ್ಲಿಯೇ ಉಳಿಸಿಕೊಂಡಿದೆ ಎನ್ನುವುದು ಸೂಕ್ತ.

4. ಕನಸು ಮತ್ತು ಕನವರಿಕೆ

‘ಕನಸು ಕಾಣು’ ಎಂಬುದು ಬರಹದಲ್ಲಿ ಹೆಚ್ಚು. ಮಾತಿನಲ್ಲಿ ‘ನನಗೆ ಕನಸು ಬಿತ್ತು’ ಎಂಬುದೇ ಸಹಜ. ತೆಲುಗಿನಲ್ಲಿ ‘ಕಲ ವಚ್ಚಿಂದಿ’, ಅಂದರೆ ಕನಸು ಬಂದಿತು. ಎರಡರಲ್ಲಿಯೂ ಕನಸೇ ಕರ್ತೃ. ಮಲಗಿದವನು ಚತುರ್ಥಿ ವಿಭಕ್ತಿಯಲ್ಲಿ ನಿಂತು ಅದನ್ನು ಪಡೆಯುತ್ತಾನೆ. ಈಚೆಗೆ ವ್ಯಕ್ತಿತ್ವ ವಿಕಸನದ ಭಾಷಣಗಳ ಮೂಲಕ ‘ದೊಡ್ಡ ಕನಸು ಕಾಣಿರಿ’ ಎಂಬ ಪ್ರಯೋಗ ವ್ಯಾಪಕವಾಗಿದೆ. ಕನಸು ಕಾಣುವುದು ಮನುಷ್ಯನ ಪ್ರಯತ್ನ, ಬೀಳುವುದು ಪ್ರಯತ್ನಕ್ಕೆ ಹೊರಗಿನದು. ಇಂದಿನ ಕನ್ನಡದಲ್ಲಿ ಈ ಎರಡು ಅರ್ಥಗಳನ್ನು ಎರಡು ಕ್ರಿಯಾಪದಗಳು ಬೇರೆಯಾಗಿ ಹೊತ್ತಿವೆ. ಇಂಗ್ಲಿಷಿನ ಡ್ರೀಮ್ ಎರಡನ್ನೂ ಒಂದೇ ರೂಪದಲ್ಲಿ ಹೇಳುತ್ತದೆ. ಆ ಧ್ವನಿರೂಪಕ್ಕೆ ಪ್ರಾಚೀನ ಇಂಗ್ಲಿಷಿನಲ್ಲಿ ಸಂತೋಷ, ಸಂಗೀತ ಎಂಬ ಅರ್ಥವಿದ್ದಿತೆಂಬುದೂ ಸ್ಮರಣೀಯ.

ಬಿದ್ದ ಕನಸಿಗೆ ಫಲವಿದೆ. ಬೆಳಗಿನ ಜಾವದ ಕನಸು ನಿಜವಾಗುತ್ತದೆ, ಸತ್ತಂತೆ ಕನಸು ಬಿದ್ದವರಿಗೆ ಆಯುಷ್ಯ ಹೆಚ್ಚುತ್ತದೆ ಎಂಬ ನಂಬಿಕೆಗಳು ಈ ಭಾಗದಲ್ಲಿಯೂ ಪ್ರಚಲಿತ. ಎರಡನೆಯದರಲ್ಲಿ ಫಲವನ್ನು ತಲೆಕೆಳಗು ಮಾಡುವ ಜಾಣ್ಮೆ ಇದೆ. ಭಯ ಹುಟ್ಟಿಸುವ ಕನಸನ್ನು ಹೇಳಿಕೊಂಡಾಗ ಕೇಳಿದವರು ಅದನ್ನು ಶುಭವಾಗಿ ತಿರುಗಿಸಿ ಕೊಡುತ್ತಾರೆ. ದುಃಸ್ವಪ್ನ ಎಂಬ ಸಮಾನಪದದಲ್ಲಿ ಈ ಸಾಧ್ಯತೆಗೆ ಎಡೆಯಿಲ್ಲ. ಅಲ್ಲಿ ಕನಸಿನ ಕೆಡುಕು ಪದದ ಮೊದಲ ಅಕ್ಷರದಲ್ಲಿಯೇ ನಿಶ್ಚಿತವಾಗಿದೆ.

‘ಕನವರಿಕೆ’ ನಿದ್ರೆಯಲ್ಲಿ ಮಾತನಾಡುವುದು. ಇದರ ತೆಲುಗು ಜೋಡಿ ‘ಕಲವರಿಂತ’. ತೆಲುಗಿನ ‘ಕಲವರಂ’ ಎಂದರೆ ತಳಮಳ, ಕಂಗಾಲು. ಕನ್ನಡದ ‘ಕಳವಳ’ ಇದಕ್ಕೆ ಧ್ವನಿಯಲ್ಲಿಯೂ ಅರ್ಥದಲ್ಲಿಯೂ ಹತ್ತಿರ. ಇವುಗಳ ವ್ಯುತ್ಪತ್ತಿ ಸಂಬಂಧವನ್ನು ನಿರ್ಣಯಿಸುವುದು ಇಲ್ಲಿಯ ಉದ್ದೇಶವಲ್ಲ. ಎರಡೂ ನುಡಿಗಳನ್ನು ಆಡುವವರಿಗೆ ಹಗಲಿನ ಕಳವಳ ಮತ್ತು ಇರುಳಿನ ಕನವರಿಕೆ ಧ್ವನಿಯಲ್ಲಿಯೇ ನೆರೆಹೊರೆಯಾಗಿವೆ ಎಂಬುದಷ್ಟೇ ಮುಖ್ಯ. ‘ಅದನ್ನೇ ಕನವರಿಸುತ್ತಾನೆ’ ಎಂಬ ಮಾತು ಎಚ್ಚರದಲ್ಲಿರುವವನ ಹಂಬಲಕ್ಕೂ ಸಲ್ಲುವುದು ಇದಕ್ಕೆ ಪೋಷಕ.

ನೈಟ್‌ಮೇರ್ ಪದದ ಉತ್ತರಭಾಗ ಹೆಣ್ಣುಕುದುರೆಯಲ್ಲ. ಅದು ಮಲಗಿದವರ ಎದೆಯ ಮೇಲೆ ಕುಳಿತು ಅದುಮುವ ಪಿಶಾಚಿಯ ಪ್ರಾಚೀನ ಹೆಸರು. ಹೆನ್ರಿ ಫ್ಯೂಸೆಲಿ 1781ರಲ್ಲಿ ಚಿತ್ರಿಸಿದ ಪ್ರಸಿದ್ಧ ಕೃತಿಯಲ್ಲಿ ಆ ಪಿಶಾಚಿ ಎದೆಯ ಮೇಲೆಯೇ ಕುಳಿತಿದೆ. ‘ಎದೆಯ ಮೇಲೆ ಕೂತು ಅಮುಕಿದ ಹಾಗಾಯಿತು, ಕೂಗಲು ಬಾಯಿ ಬರಲಿಲ್ಲ’ ಎಂಬ ಕನ್ನಡದ ವರ್ಣನೆ ಇದೇ ಅನುಭವದ್ದು. ಇಂದಿನ ವೈದ್ಯಶಾಸ್ತ್ರ ಇದನ್ನು ನಿದ್ರೆಯಿಂದ ಎಚ್ಚರಕ್ಕೆ ಬರುವ ಸಂಧಿಯಲ್ಲಿ ಸ್ನಾಯುಗಳು ಕ್ಷಣಕಾಲ ಕದಲದಿರುವ ಸ್ಥಿತಿಯೆಂದು ವಿವರಿಸುತ್ತದೆ. ಹೀಗೆ ಮೂಲ ಅರ್ಥದಲ್ಲಿ ನೈಟ್‌ಮೇರ್‌ಗೆ ಕನ್ನಡದ ಹತ್ತಿರದ ಸಮಾನರೂಪ ನಾಮಪದವಾಗಿಲ್ಲ, ‘ಅಮುಕು’ ಎಂಬ ಕ್ರಿಯಾಪದವಾಗಿದೆ. ನಾಮಪದವನ್ನೇ ಹುಡುಕಿದ ನಿಘಂಟಿಗೆ ಅದು ಸಿಗದಿರುವುದು ಸಹಜ.

5. ಮಂಕು: ಬೆಳಕಿನಿಂದ ಬುದ್ಧಿಯವರೆಗೆ

ಗ್ಲೂಮ್ ಪದ ಮೊದಲು ಮುಖ ಗಂಟಿಕ್ಕುವುದನ್ನು ಸೂಚಿಸುತ್ತಿದ್ದು, ಕತ್ತಲೆಯ ಅರ್ಥವನ್ನು ಆಮೇಲೆ ಪಡೆಯಿತು. ಕನ್ನಡದ ‘ಮಂಕು’ ಒಂದೇ ಕಾಲದಲ್ಲಿ ಮೂರು ನೆಲೆಗಳಲ್ಲಿ ನಿಲ್ಲುತ್ತದೆ. ದೀಪ ಮಂಕಾಗುತ್ತದೆ, ಕಣ್ಣು ಮಂಕಾಗುತ್ತದೆ, ಬುದ್ಧಿ ಮಂಕಾಗುತ್ತದೆ. ಮಂಕು ಕವಿಯುತ್ತದೆ, ಬಡಿಯುತ್ತದೆ. ಇನ್ನೊಬ್ಬರು ‘ಮಂಕುಬೂದಿ’ ಎರಚುತ್ತಾರೆ. ಇಲ್ಲಿಯೂ ಅದು ಮೇಲಿನಿಂದ ಅಥವಾ ಹೊರಗಿನಿಂದ ಬಂದದ್ದು.

ಈ ಪದಕ್ಕೆ ಆಧುನಿಕ ಕನ್ನಡದಲ್ಲಿ ಅತ್ಯಂತ ಪ್ರಸಿದ್ಧ ಸ್ಥಾನ ದೊರಕಿಸಿದವರು ಮುಳಬಾಗಿಲಿನಲ್ಲಿ 1887ರಲ್ಲಿ ಜನಿಸಿದ ಡಿ. ವಿ. ಗುಂಡಪ್ಪನವರು. 1943ರಲ್ಲಿ ಪ್ರಕಟವಾದ ಅವರ ಕೃತಿಯ ಹೆಸರು ‘ಮಂಕುತಿಮ್ಮನ ಕಗ್ಗ’. ಇದರಲ್ಲಿ ಎರಡು ಪದಗಳೂ ಈ ಲೇಖನದ ಗುಂಪುಗಳಿಗೆ ಸೇರಿದವು ಎಂಬುದು ಕುತೂಹಲಕರ. ‘ಮಂಕು’ ಬೆಳಕು ಕುಂದಿದ ಬುದ್ಧಿ. ‘ಕಗ್ಗ’ ಕೊನೆಮೊದಲಿಲ್ಲದ, ಸಾರವಿಲ್ಲದ ಮಾತು. ಇಂಗ್ಲಿಷಿನಲ್ಲಿ ಇದನ್ನು ‘ಡಲ್ ತಿಮ್ಮನ ರಿಗ್‌ಮರೋಲ್’ ಎಂದು ಕರೆಯುವ ರೂಢಿ ಇದೆ. ಅರ್ಥದ ಮಟ್ಟದಲ್ಲಿ ಇದು ಸರಿ. ಆದರೆ ‘ಡಲ್’ ಎಂಬುದು ತಿಮ್ಮನ ಸ್ಥಿರ ಗುಣವಾಗುತ್ತದೆ. ‘ಮಂಕು’ ಕವಿದದ್ದು, ಸರಿಯಬಹುದಾದದ್ದು. ಚಿಂತನೆಯ ಕೃತಿಯೊಂದು ತನ್ನನ್ನು ಮಂಕಿನ ಮಾತೆಂದೂ ಜೊಳ್ಳೆಂದೂ ಕರೆದುಕೊಳ್ಳುವುದು ವಿನಯದ ಪ್ರದರ್ಶನ ಮಾತ್ರವಾಗಿ ಉಳಿಯದೆ ಅರ್ಥಪೂರ್ಣವಾಗುವುದು ಈ ಕಾರಣದಿಂದ. ಸಂಸ್ಕೃತ ಪಾಂಡಿತ್ಯವಿದ್ದ ಲೇಖಕರು ಶೀರ್ಷಿಕೆಗೆ ಆಡುನುಡಿಯ ಎರಡು ಪದಗಳನ್ನು ಆರಿಸಿದುದು ನಿಘಂಟುಕಾರರು ಗಮನಿಸಬೇಕಾದ ಸಂಗತಿ.

ಗೃಹಾಚರಣೆಯಲ್ಲಿ ಮಂಕಿಗೆ ಒಂದು ಮೂರ್ತರೂಪವಿದೆ. ಅದು ‘ಮೂದೇವಿ’. ಲಕ್ಷ್ಮಿಯ ಅಕ್ಕನಾದ ಜ್ಯೇಷ್ಠೆಯ ಹೆಸರು ಬೈಗುಳವಾಗಿ, ಮುಖ ಸಪ್ಪಗೆ ಮಾಡಿಕೊಂಡು ಕೂತವರಿಗೂ ಸೋಮಾರಿಗೂ ಸಲ್ಲುತ್ತದೆ. ದೀಪ ಹಚ್ಚುವ ಹೊತ್ತಿನಲ್ಲಿ ಮಲಗಬಾರದು, ಕಸ ಗುಡಿಸಿ ಹೊರಗೆ ಹಾಕಬಾರದು, ಅಳಬಾರದು ಎಂಬ ನಿಯಮಗಳನ್ನು ಒಟ್ಟಿಗೆ ನೋಡಿದರೆ ನಿದ್ರೆ, ಕಸ ಮತ್ತು ದುಃಖ ಒಂದೇ ಹೊಸ್ತಿಲಿನಲ್ಲಿ ಕೂಡುವುದು ಕಾಣುತ್ತದೆ. ಇಂಗ್ಲಿಷ್ ಪದಪಟ್ಟಿ ಬೇರ್ಪಡಿಸಿದ ಗುಂಪುಗಳನ್ನು ಮನೆಯ ಸಂಜೆ ಒಂದು ವ್ಯವಸ್ಥೆಯಾಗಿ ಕಟ್ಟಿದೆ.

ಖಿನ್ನತೆ ಎಂಬ ಪದದ ಪ್ರಶ್ನೆಯನ್ನು ಈ ಹಿನ್ನೆಲೆಯಲ್ಲಿ ಎತ್ತಬೇಕಾಗಿದೆ. ಡಿಪ್ರೆಶನ್‌ಗೆ ಸಮಾನವಾಗಿ ಅದು ಆರೋಗ್ಯ ಇಲಾಖೆಯ ಕನ್ನಡದಲ್ಲಿ ಸ್ಥಿರವಾಗಿದೆ. ಗ್ರಾಮೀಣ ಮಾತಿನಲ್ಲಿ ಅದರ ಬಳಕೆ ವಿರಳ. ಅಲ್ಲಿ ಕೇಳುವುದು ‘ಬೇಜಾರು’, ‘ಮನಸ್ಸಿಗೆ ಒಂಥರಾ’, ‘ಎದೆ ಭಾರ’, ‘ಕೈಕಾಲು ಆಡಲ್ಲ’, ‘ಮಂಕು ಕವಿದಂಗೆ’, ಮತ್ತು ಮೇಲೆ ಚರ್ಚಿಸಿದ ‘ದಿಗಿಲು’. ಫಾರ್ಸಿಯಿಂದ ಬಂದ ಬೇಜಾರು ಕನ್ನಡ, ತೆಲುಗು ಎರಡರಲ್ಲಿಯೂ ಇದ್ದು, ಬೇಸರದಿಂದ ಬದುಕೇ ಬೇಡವೆನ್ನುವವರೆಗಿನ ಎಲ್ಲ ಅಳತೆಗಳನ್ನು ಒಳಗೊಳ್ಳುತ್ತದೆ. 2015–16ರ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಗೆ ಮುನ್ನ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆ ಪೂರ್ವಭಾವಿ ಅಧ್ಯಯನ ನಡೆಸಿದ್ದು ಕೋಲಾರ ಜಿಲ್ಲೆಯಲ್ಲಿಯೇ. ಇಂಗ್ಲಿಷಿನಲ್ಲಿ ರೂಪುಗೊಂಡ ಪ್ರಶ್ನಾವಳಿಗಳು ಇಂಥ ಸೀಮೆಯಲ್ಲಿ ಮನೆಬಾಗಿಲಿಗೆ ಬಂದಾಗ ಉತ್ತರದ ಅರ್ಥ ಪದದ ಆಯ್ಕೆಯನ್ನು ಅವಲಂಬಿಸುತ್ತದೆ. ‘ದಿಗಿಲು’ ಎಂದವಳನ್ನು ಭಯದ ಕಾಲಮ್ಮಿಗೆ ಹಾಕಬೇಕೋ ಖಿನ್ನತೆಯ ಕಾಲಮ್ಮಿಗೆ ಹಾಕಬೇಕೋ ಎಂಬುದು ಜಾನಪದ ವಿದ್ವಾಂಸರ ಒಣಚರ್ಚೆಯಲ್ಲ. ಆಕೆಗೆ ದೊರೆಯುವ ಆರೈಕೆ ಅದರ ಮೇಲೆ ನಿಂತಿದೆ.

6. ಜಳ್ಳು, ಪಾಳು, ಖರಾಬು

ಕೆಲಸಕ್ಕೆ ಬಾರದ ವಸ್ತುಗಳ ಪದಗಳಿಗೆ ಮುಖ್ಯ ನೆಲೆ ಒಕ್ಕಲುತನ. ತೆನೆಯೊಳಗೆ ಕಾಳು ಕಟ್ಟದಿದ್ದರೆ ಜಳ್ಳು ಅಥವಾ ಜೊಳ್ಳು. ಕಾಳನ್ನು ಬಿಟ್ಟು ತೂರಿಹೋಗುವುದು ಹೊಟ್ಟು. ಕುಟ್ಟುವಾಗ ಒಡೆದದ್ದು ನುಚ್ಚು, ಹೊರಬರುವ ಹುಡಿ ತೌಡು. ಕರು ಹಾಕದ ಹಸು ಗೊಡ್ಡು. ಒಳಗೆ ಏನೂ ಇಲ್ಲದ್ದು ಪೊಳ್ಳು, ತೆಲುಗಿನಲ್ಲಿ ಪೊಲ್ಲು. ಇವುಗಳಲ್ಲಿ ಯಾವುದೂ ಪೂರ್ತಿ ವ್ಯರ್ಥವಲ್ಲ. ಹೊಟ್ಟು, ತೌಡು ದನಕ್ಕೆ. ನುಚ್ಚು ಮನುಷ್ಯರಿಗೂ ಆದೀತು. ಚಾಫ್‌ಗೆ ಹೊಟ್ಟು ಸಮಾನಪದವಾಗುವುದು ನಿಜ. ಆದರೆ ಬೈಬಲ್ ಪರಂಪರೆಯ ಇಂಗ್ಲಿಷಿನಲ್ಲಿ ಚಾಫ್ ಗಾಳಿಗೆ ಹಾರುವುದು, ಬೆಂಕಿಗೆ ಬೀಳುವುದು. ರಾಗಿಯ ಸೀಮೆಯ ಹೊಟ್ಟು ಕೊಟ್ಟಿಗೆಗೆ ಹೋಗುತ್ತದೆ.

‘ತಿಪ್ಪೆ’ ಈ ಗುಂಪಿನ ಕೇಂದ್ರಪದ. ಎಲ್ಲ ಕಸ ಸೇರುವ ಸ್ಥಳವೇ ಮುಂದಿನ ಬೆಳೆಯ ಗೊಬ್ಬರ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಮುಂದಿನ ಮಗುವನ್ನು ತಿಪ್ಪೆಯ ಮೇಲೆ ಇಟ್ಟು ಎತ್ತಿಕೊಂಡು ತಿಪ್ಪಯ್ಯ, ತಿಪ್ಪಮ್ಮ ಎಂದು ಕರೆಯುವ ಪದ್ಧತಿ ಕರ್ನಾಟಕದಲ್ಲಿ ಪ್ರಸಿದ್ಧ. ತೆಲುಗಿನ ಪೆಂಟಯ್ಯ, ಪೆಂಟಮ್ಮ ಎಂಬ ಹೆಸರುಗಳ ಹಿಂದೆಯೂ ಇದೇ ಕಾರಣವಿದೆ. ‘ಪೆಂಟ’ ಎಂದರೆ ತಿಪ್ಪೆ, ಕಸ. ತಿಪ್ಪೇಸ್ವಾಮಿ ಎಂಬ ಹೆಸರು ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ಭಕ್ತಿಯಿಂದಲೂ ಬರುವುದರಿಂದ ಎಲ್ಲ ಹೆಸರುಗಳಿಗೂ ಇದನ್ನು ಅನ್ವಯಿಸಲಾಗದು. ಆದರೂ ತತ್ವ ಸ್ಪಷ್ಟ. ಸಾವಿನ ಭಯವನ್ನು ಗೆಲ್ಲಲು ಮಗುವನ್ನು ಬೆಲೆಯಿಲ್ಲದ ವಸ್ತುವೆಂದು ಸಾರುತ್ತಾರೆ. ಬೆಲೆಯಿಲ್ಲದ್ದು ಯಾರ ಕಣ್ಣಿಗೂ ಬೀಳದು, ಆದ್ದರಿಂದ ಉಳಿಯುತ್ತದೆ. ಇಲ್ಲಿ ಹೀನಪದವೇ ರಕ್ಷೆ.

ಜಾಗಕ್ಕೆ ಸಂಬಂಧಿಸಿದ ಪದಗಳಲ್ಲಿ ‘ಪಾಳು’ ಮುಖ್ಯ. ಹಳಗನ್ನಡದ ಪಕಾರ ಹಕಾರವಾದಾಗ ‘ಹಾಳು’ ಬಂದಿತು. ‘ಪಾಳು’ ಕೂಡ ಉಳಿಯಿತು. ಎರಡೂ ಅರ್ಥವನ್ನು ಹಂಚಿಕೊಂಡಿವೆ. ಹಾಳಾಗುವುದು ಯಾವುದಕ್ಕಾದರೂ ಸಲ್ಲುತ್ತದೆ. ಪಾಳು ಬೀಳುವುದು ಹೆಚ್ಚಾಗಿ ಜನ ಬಿಟ್ಟುಹೋದ ಮನೆ, ಬಾವಿ, ಗುಡಿ, ಹೊಲಕ್ಕೆ. ಉಳದೆ ಬಿಟ್ಟ ನೆಲ ‘ಬೀಳು’, ತೆಲುಗಿನಲ್ಲಿ ‘ಬೀಡು’. ಬಾಳುವವರು ಮರಳಿದರೆ ಪಾಳು ಪಾಳಲ್ಲ, ಉತ್ತರೆ ಬೀಳು ಬೀಳಲ್ಲ.

ಇದಕ್ಕೆ ಎದುರಾಗಿ ನಿಲ್ಲುವುದು ಕಂದಾಯದ ‘ಖರಾಬು’. ಅರಬ್ಬಿ ಮೂಲದ ಈ ಪದಕ್ಕೆ ಕೆಟ್ಟದ್ದು, ಹಾಳಾದದ್ದು ಎಂದರ್ಥ. 1966ರ ಕರ್ನಾಟಕ ಭೂಕಂದಾಯ ನಿಯಮಗಳ ಪ್ರಕಾರ ‘ಎ’ ಖರಾಬು ಸಾಗುವಳಿಗೆ ಯೋಗ್ಯವಲ್ಲದ ನೆಲ, ‘ಬಿ’ ಖರಾಬು ರಸ್ತೆ, ಕೆರೆ ಮೊದಲಾದ ಸಾರ್ವಜನಿಕ ಉದ್ದೇಶಕ್ಕೆ ಮೀಸಲಾದ ನೆಲ. ಎರಡಕ್ಕೂ ಸಮಾನವಾದ ಗುಣ ಕಂದಾಯವಿಲ್ಲದಿರುವುದು. ಮೊದಲನೆಯ ವರ್ಗದಲ್ಲಿ ಹಿಡುವಳಿದಾರನ ‘ಕಣ’ವೂ ಸೇರುತ್ತದೆ ಎಂಬುದು ಜಾನಪದ ದೃಷ್ಟಿಯಿಂದ ಅತ್ಯಂತ ವಿಚಾರಾರ್ಹ. ಕಣ ಒಕ್ಕಲಿಗನ ಪವಿತ್ರ ಸ್ಥಳ. ಅಲ್ಲಿ ಮೆಟ್ಟು ಮೆಟ್ಟಿ ನಡೆಯುವುದಿಲ್ಲ, ರಾಶಿಗೆ ಪೂಜೆ ಸಲ್ಲುತ್ತದೆ, ಅಳೆಯುವಾಗ ಮೊದಲ ಎಣಿಕೆಯನ್ನು ‘ಒಂದು’ ಎನ್ನದೆ ‘ಲಾಭ’ ಎನ್ನುತ್ತಾರೆ. ಜಳ್ಳನ್ನು ಕಾಳಿನಿಂದ ಬೇರ್ಪಡಿಸುವ ಆ ಸ್ಥಳವೇ ದಾಖಲೆಯಲ್ಲಿ ಖರಾಬು. ಕೆರೆಯೂ ದಾರಿಯೂ ಅದೇ ಹೆಸರಿನಡಿ ಬರುತ್ತವೆ. ಊರಿನ ಬದುಕಿಗೆ ಆಧಾರವಾದ ನೆಲವನ್ನು ಕೆಟ್ಟದ್ದೆಂದು ಕರೆಯುವ ಪದ ಒತ್ತುವರಿಗೆ ಮಾನಸಿಕ ಅನುಮತಿಯನ್ನು ಕೊಡುತ್ತದೆ ಎಂಬುದನ್ನು ತಳ್ಳಿಹಾಕಲಾಗದು.

ನೆರೆಯ ಕೋಲಾರ ಚಿನ್ನದ ಗಣಿಯ ದಿಬ್ಬಗಳು ಇನ್ನೊಂದು ಸಾಕ್ಷಿ. 1880ರ ದಶಕದಿಂದ ಜಾನ್ ಟೇಲರ್ ಸಂಸ್ಥೆಯ ಕೈಯಲ್ಲಿದ್ದು, ಕೊನೆಗೆ ಭಾರತ್ ಗೋಲ್ಡ್ ಮೈನ್ಸ್ ನಡೆಸುತ್ತಿದ್ದ ಗಣಿಗಳು 2001ರ ಫೆಬ್ರವರಿ 28ರಂದು ಮುಚ್ಚಿದವು. ಚಿನ್ನ ತೆಗೆದು ಉಳಿದ ಪುಡಿ ಸೈನೈಡ್ ದಿಬ್ಬಗಳಾಗಿ ನಿಂತಿತು. ಗಾಳಿ ಬೀಸಿದಾಗ ಅದು ಜನವಸತಿಗೆ ಹಾರುವ ಧೂಳು. ಆ 13 ದಿಬ್ಬಗಳಿಂದ ಮತ್ತೆ ಚಿನ್ನ ತೆಗೆಯುವ ಕೇಂದ್ರದ ಪ್ರಸ್ತಾವಕ್ಕೆ 2024ರ ಜೂನ್‌ನಲ್ಲಿ ರಾಜ್ಯ ಸಂಪುಟ ಸಮ್ಮತಿಸಿತು. ಇಂಗ್ಲಿಷಿನ ಡ್ರಾಸ್ ಲೋಹ ಕಾಯಿಸಿದಾಗ ತೇಲುವ ಕಿಟ್ಟ. ಅದು ಚಿನ್ನಕ್ಕೆ ವಿರುದ್ಧಪದ. ಇಲ್ಲಿ ಕಸವೇ ಅದಿರು. ತಿಪ್ಪೆಯ ತರ್ಕವನ್ನು ಉದ್ಯಮ ತಡವಾಗಿ ಕಂಡುಕೊಂಡಿದೆ. ಧೂಳು ಕುಡಿದವರ ಪಾಲು ಮಾತ್ರ ಆ ಲೆಕ್ಕದಲ್ಲಿ ಇನ್ನೂ ಸ್ಪಷ್ಟವಾಗಬೇಕಾಗಿದೆ.

7. ಆಕ್ಷೇಪಗಳು ಮತ್ತು ನಿಘಂಟಿನ ಮುಂದಿನ ಕೆಲಸ

ಈ ವಿಶ್ಲೇಷಣೆಗೆ ಎರಡು ಆಕ್ಷೇಪಗಳು ಬರಬಹುದು. ಮೊದಲನೆಯದಾಗಿ, ಶಾಸ್ತ್ರಕ್ಕೆ ನಿಶ್ಚಿತ ಪರಿಭಾಷೆ ಬೇಕು. ಆಡುನುಡಿಯ ಪದ ಊರಿಂದೂರಿಗೆ ಬದಲಾಗುತ್ತದೆ. ಇದು ಒಪ್ಪತಕ್ಕ ಮಾತು. ಖಿನ್ನತೆ ಎಂಬ ಪದವನ್ನು ಕೈಬಿಡಬೇಕಾಗಿಲ್ಲ. ವೈದ್ಯರು ಬರೆಯುವ ಪದ ಮತ್ತು ರೋಗಿ ಆಡುವ ಪದ ಬೇರೆಯಾಗಿದ್ದಾಗ ಎರಡನ್ನೂ ಬಲ್ಲ ನಿಘಂಟು ಬೇಕು ಎಂಬುದಷ್ಟೇ ಇಲ್ಲಿಯ ಆಗ್ರಹ. ಎರಡನೆಯದಾಗಿ, ತೆಲುಗಿನ ಅರ್ಥಗಳನ್ನು ಕನ್ನಡ ನಿಘಂಟಿಗೆ ತರುವುದು ಉಚಿತವೇ ಎಂಬ ಪ್ರಶ್ನೆ. ಪದ ಕನ್ನಡದ್ದು, ವಾಕ್ಯ ಕನ್ನಡದ್ದು, ಆಡುವವರು ಈ ನಾಡಿನವರು. ಅರ್ಥದ ಒಂದು ಭಾಗ ನೆರೆನುಡಿಯಿಂದ ಬಂದಿದ್ದರೆ ಅದನ್ನು ದಾಖಲಿಸದಿರಲು ಕಾರಣವಿಲ್ಲ. ಕಿಟ್ಟೆಲ್ ಸೋದರಪದಗಳನ್ನು ವ್ಯುತ್ಪತ್ತಿಗಾಗಿ ಕೊಟ್ಟರು. ಗಡಿಸೀಮೆಯ ನಿಘಂಟು ಅವುಗಳನ್ನು ಇಂದಿನ ಅರ್ಥಕ್ಕಾಗಿ ಕೊಡಬೇಕಾಗಿದೆ.

ಇದರಿಂದ ಮೂರು ಕೆಲಸಗಳು ಸ್ಪಷ್ಟವಾಗುತ್ತವೆ. ಮನಸ್ಸು ಮತ್ತು ಬೆಲೆಗೆ ಸಂಬಂಧಿಸಿದ ನಾಮಪದಗಳನ್ನು ಅವುಗಳ ಕ್ರಿಯಾಪದಗಳೊಡನೆಯೇ ದಾಖಲಿಸಬೇಕು. ದಿಗಿಲು ಬೀಳು, ದಿಗಿಲುಪಡು, ದಿಗಿಲು ಹತ್ತು ಎಂಬವು ಮೂರು ನಮೂದುಗಳಾಗಬೇಕು. ಎರಡನೆಯದಾಗಿ, ಆ ಸ್ಥಿತಿಯನ್ನು ನೀಗುವ ಕ್ರಿಯಾಪದವನ್ನೂ ಕೊಡಬೇಕು. ಇಳಿಸು, ತೆಗೆ, ಬಿಡಿಸು, ನಿವಾಳಿಸು ಎಂಬವಿಲ್ಲದೆ ಕವಿ, ಹಿಡಿ, ಸೋಕು ಎಂಬವುಗಳ ಅರ್ಥ ಪೂರ್ಣವಾಗದು. ಮೂರನೆಯದಾಗಿ, ಆಡಿದವರು ಮನೆಯಲ್ಲಿ ಯಾವ ನುಡಿಯವರು ಎಂಬುದನ್ನು ಕ್ಷೇತ್ರಕಾರ್ಯದಲ್ಲಿ ಗುರುತಿಸಬೇಕು. ಇಲ್ಲವಾದರೆ ದಿಗಿಲಿನಂಥ ಪದದ ಎರಡು ಮುಖಗಳು ಒಂದಾಗಿ ಮಸುಕಾಗುತ್ತವೆ.

ಮುಳಬಾಗಿಲು, ಶ್ರೀನಿವಾಸಪುರಗಳ ಹೊಸ ತಲೆಮಾರು ಬೆಂಗಳೂರಿನ ಕೆಲಸಗಳಿಗೆ ದಿನವೂ ಬಂದುಹೋಗುತ್ತಿದೆ. ಅವರ ಮಾತಿನಲ್ಲಿ ‘ಟೆನ್ಶನ್’, ‘ಡಿಪ್ರೆಶನ್’, ‘ವೇಸ್ಟ್’ ಎಂಬವು ಈಗಾಗಲೇ ಕನ್ನಡದ ಪದಗಳಾಗಿವೆ. ಅವುಗಳಿಗೂ ಹಳೆಯ ಕ್ರಿಯಾಪದಗಳೇ ಸೇರುತ್ತಿವೆಯೆಂಬುದು ಆಶಾದಾಯಕ. ಟೆನ್ಶನ್ ‘ಆಗುತ್ತದೆ’, ದುಡ್ಡು ‘ವೇಸ್ಟ್ ಆಯಿತು’. ನಾಮಪದ ಇಂಗ್ಲಿಷಿನದಾದರೂ ಅನುಭವ ಮನುಷ್ಯನಿಗೆ ಒದಗುವ ರೀತಿ ಕನ್ನಡದ್ದಾಗಿಯೇ ಉಳಿದಿದೆ. ಈ ರಚನೆಗಳನ್ನು ಹಳೆಯವರ ಪದಗಳ ಜೊತೆಯಲ್ಲಿ ಈಗಲೇ ಸಂಗ್ರಹಿಸುವುದು ಜಾನಪದ ಮತ್ತು ಭಾಷಾಧ್ಯಯನಗಳು ಕೂಡಿ ಮಾಡಬೇಕಾದ ಕಾರ್ಯ.